ಒಂಟಿ ಪ್ರತಿಭೆಯ ಕಥೆ ಸಾಕೇ?

ಡಾವಾ ಸೊಬೆಲ್ ಅವರ ‘ಲಾಂಗಿಟ್ಯೂಡ್’ (1995) ಕೈಗೆತ್ತಿಕೊಂಡರೆ ಕೆಳಗಿಡಲು ಮನಸ್ಸಾಗದ ಪುಸ್ತಕ. ನಡುಗಡಲಲ್ಲಿ ಹಡಗಿನ ರೇಖಾಂಶ ತಿಳಿಯುವ ಉಪಾಯಕ್ಕೆ ಬ್ರಿಟಿಷ್ ಪಾರ್ಲಿಮೆಂಟು 1714ರಲ್ಲಿ 20,000 ಪೌಂಡುಗಳವರೆಗೆ ಬಹುಮಾನ ಸಾರಿತು. ಬಡಗಿಯ ಮಗ ಜಾನ್ ಹ್ಯಾರಿಸನ್ ಅಲೆಗಳ ಕುಲುಕಾಟಕ್ಕೂ ಲಯ ತಪ್ಪದ ಗಡಿಯಾರ ಮಾಡಿದ. ಹೊರಟ ಬಂದರಿನ ಸಮಯವನ್ನು ಅದು ಕಾಯ್ದುಕೊಂಡರೆ ಸಾಕು. ಇದ್ದಲ್ಲಿನ ಸಮಯದೊಂದಿಗೆ ಹೋಲಿಸಿ ಗಂಟೆಗೆ 15 ಡಿಗ್ರಿಯಂತೆ ಲೆಕ್ಕ ಹಾಕಬಹುದು.

ಇಷ್ಟನ್ನೂ ಸೊಬೆಲ್ ಸೊಗಸಾಗಿ ಹೇಳುತ್ತಾರೆ. ತೊಡಕಿರುವುದು ಹ್ಯಾರಿಸನ್‌ನನ್ನು ಒಂಟಿ ಪ್ರತಿಭಾವಂತನಾಗಿಸಿ, ಅವನಿಗೊಬ್ಬ ಖಳನನ್ನು ಹುಡುಕಿಕೊಟ್ಟದ್ದರಲ್ಲಿ. ಆ ಪಾತ್ರ ಖಗೋಳಜ್ಞ ನೆವಿಲ್ ಮ್ಯಾಸ್ಕೆಲಿನ್ ಪಾಲಿಗೆ ಬಂದಿದೆ. ಚಂದ್ರನಿಗೂ ನಕ್ಷತ್ರಕ್ಕೂ ನಡುವಿನ ಕೋನ ಅಳೆದು ಸಮಯ ತಿಳಿಯುವ ವಿಧಾನವನ್ನು ಅವನು ಎತ್ತಿಹಿಡಿದ. ಅದಕ್ಕೆ ಬೇಕಾದ ಕೋಷ್ಟಕಗಳನ್ನು 1767ರ ‘ನಾಟಿಕಲ್ ಅಲ್ಮನಾಕ್’ನಿಂದ ಮೊದಲ್ಗೊಂಡು ವರ್ಷವರ್ಷವೂ ಒದಗಿಸಿದ. ಇದು ಬರೀ ಹೊಟ್ಟೆಕಿಚ್ಚೇ? ಹ್ಯಾರಿಸನ್‌ನ ಗಡಿಯಾರದ ಒಂದು ನಕಲಿಗೆ ಲಾರ್ಕಮ್ ಕೆಂಡಾಲ್ ಪಡೆದದ್ದು ಸುಮಾರು 500 ಪೌಂಡು. ಅಷ್ಟು ತೆರಲಾರದ ಎಷ್ಟೋ ನಾವಿಕರು ದಶಕಗಳ ಕಾಲ ಚಂದ್ರನ ಲೆಕ್ಕವನ್ನೇ ನಂಬಿದರು. ಎರಡನೆಯ ಯಾನದಲ್ಲಿ ಕ್ಯಾಪ್ಟನ್ ಕುಕ್ ಎರಡನ್ನೂ ಬಳಸಿದ. ಗಡಿಯಾರದ ರಚನೆ ಸರಳವಾಗಿ ಬೆಲೆ ಇಳಿದದ್ದು ಜಾನ್ ಆರ್ನಲ್ಡ್, ಥಾಮಸ್ ಅರ್ನ್‌ಷಾ ಅವರಂಥ ಕುಶಲಕರ್ಮಿಗಳಿಂದ.

ಹ್ಯಾರಿಸನ್ ಇದರಿಂದ ಸಣ್ಣವನಾಗುವುದಿಲ್ಲ, ಕಥೆ ದೊಡ್ಡದಾಗುತ್ತದೆ. ಮೊದಲು ಮಾಡಿದವರು ಯಾರು ಎಂದಷ್ಟೇ ಕೇಳುವ ಇತಿಹಾಸ ಗೆದ್ದವನ ಜೀವನಚರಿತ್ರೆಯಲ್ಲೇ ನಿಂತುಬಿಡುತ್ತದೆ. ಅದನ್ನು ಎಲ್ಲರ ಕೈಗೆ ತಲುಪಿಸಿದವರು ಯಾರು, ತಲುಪುವವರೆಗೆ ಉಳಿದವರು ಹೇಗೆ ದಡ ಸೇರಿದರು? ಸೊಬೆಲ್ ಅವರನ್ನು ಓದಿ ಮುಗಿಸಿದವರು ಈ ಪ್ರಶ್ನೆಗಳನ್ನು ತಾವೇ ಕೇಳಿಕೊಳ್ಳಬೇಕು.