ಸೊಕ್ಕಿನ ನಾಯಕ ತೆರಬೇಕಾದ ದಂಡ

ಹೆಣ್ಣನ್ನು ಗೋಳುಹೊಯ್ದುಕೊಂಡವನೇ ಕೊನೆಗೆ ಅವಳ ಕೈಹಿಡಿಯುವ ಕಥೆಗಳನ್ನು ಮುಗಿಬಿದ್ದು ಓದುವವರು ಹೆಚ್ಚಾಗಿ ಹೆಂಗಸರೇ. ವಿಮರ್ಶಕರಿಗೆ ಇದು ಹಳೆಯ ಮುಜುಗರ. ಪೆಟ್ಟು ತಿನ್ನುವುದರಲ್ಲೇ ಇವರಿಗೆ ಸುಖವೆಂದು ಕೆಲವರು ಮೂಗು ಮುರಿದರು. ಬರೀ ಕಾಲಹರಣ, ಬಿಡಿ ಎಂದು ಇನ್ನು ಕೆಲವರು ಪುಸ್ತಕವನ್ನೇ ತೆರೆಯಲಿಲ್ಲ. ಎರಡೂ ಸೋಮಾರಿ ಉತ್ತರಗಳು. ಈ ಕಥೆಗಳ ರುಚಿ ಗರ್ವಭಂಗದ ರುಚಿ. ಊರಿಗೆಲ್ಲ ಸೊಕ್ಕು ತೋರಿಸಿದವನು ಒಬ್ಬಳ ಮುಂದೆ ತಲೆತಗ್ಗಿಸುವುದನ್ನು ನೋಡಲೆಂದೇ ಓದುಗಿತ್ತಿ ಅಷ್ಟು ಪುಟಗಳ ಅವಮಾನವನ್ನು ಸಹಿಸುತ್ತಾಳೆ. ಹಾಗಿದ್ದ ಮೇಲೆ ಪ್ರತಿಯೊಂದು ಕೃತಿಗೂ ಹಾಕಬೇಕಾದ ಪ್ರಶ್ನೆ ಒಂದೇ: ಮಾಡಿದ್ದಕ್ಕೆ ಅವನು ಏನು ತೆತ್ತ?

ಇಂಗ್ಲಿಷಿನಲ್ಲಿ ಈ ಪರಂಪರೆಯ ತಲೆಬಾಗಿಲಲ್ಲಿ ನಿಂತಿರುವುದು ಸ್ಯಾಮ್ಯುಯೆಲ್ ರಿಚರ್ಡ್‌ಸನ್‌ನ ‘ಪಮೆಲಾ’ (1740). ಹದಿನೈದರ ಮನೆಗೆಲಸದ ಹುಡುಗಿಯನ್ನು ಯಜಮಾನ ಬೆನ್ನಟ್ಟಿ ಕಾಡುತ್ತಾನೆ, ದೂರದ ಎಸ್ಟೇಟಿನಲ್ಲಿ ಕೂಡಿಹಾಕುತ್ತಾನೆ, ಅವಳು ಬರೆದ ಕಾಗದಗಳನ್ನು ಕಿತ್ತುಕೊಳ್ಳುತ್ತಾನೆ. ಕೊನೆಗೆ ಅದೇ ಕಾಗದಗಳನ್ನು ಓದಿ ಕರಗಿ ಮದುವೆಯಾಗುತ್ತಾನೆ. ಅವನ ಕೈಯಿಂದ ಒಂದು ಬಿಡಿಗಾಸೂ ಹೋಗುವುದಿಲ್ಲ. ಋಣಭಾರವೆಲ್ಲ ಅವಳ ತಲೆಯ ಮೇಲೆ. ಮರುವರ್ಷವೇ ಹೆನ್ರಿ ಫೀಲ್ಡಿಂಗ್ ‘ಶಮೆಲಾ’ ಬರೆದು ಇದನ್ನು ಗೇಲಿ ಮಾಡಿದ. ಆದರೆ ಅಲ್ಲಿಯೂ ಸಂಚುಗಾತಿಯಾದವಳು ಕೆಲಸದ ಹುಡುಗಿಯೇ.

ಲೆಕ್ಕವನ್ನು ನೆಟ್ಟಗೆ ಮಾಡಿದವಳು ಶಾರ್ಲಟ್ ಬ್ರಾಂಟೆ. ‘ಜೇನ್ ಏರ್’ (1847) ಕಾದಂಬರಿಯ ರಾಚೆಸ್ಟರ್ ಬೇರೊಬ್ಬಳನ್ನು ಮದುವೆಯಾಗುವಂತೆ ನಟಿಸುತ್ತಾನೆ, ಕಣಿ ಹೇಳುವವಳ ವೇಷ ಹಾಕಿ ಜೇನ್‌ಳ ಮನಸ್ಸನ್ನು ಕೆದಕುತ್ತಾನೆ, ಬದುಕಿರುವ ಹೆಂಡತಿಯನ್ನು ಮಾಳಿಗೆಯಲ್ಲಿ ಬಚ್ಚಿಟ್ಟು ಮದುವೆಯ ಮಂಟಪದವರೆಗೂ ಬರುತ್ತಾನೆ. ಗುಟ್ಟು ರಟ್ಟಾದಾಗ ಜೇನ್ ಮನೆ ಬಿಟ್ಟು ನಡೆಯುತ್ತಾಳೆ. ಚಿಕ್ಕಪ್ಪನಿಂದ ಬಂದ ಇಪ್ಪತ್ತು ಸಾವಿರ ಪೌಂಡನ್ನು ಬಂಧುಗಳೊಂದಿಗೆ ಸಮನಾಗಿ ಹಂಚಿಕೊಂಡು, ಯಾರ ಹಂಗೂ ಇಲ್ಲದವಳಾಗಿ ಹಿಂದಿರುಗುತ್ತಾಳೆ. ಅಷ್ಟರಲ್ಲಿ ಅವನ ಮನೆ ಸುಟ್ಟಿದೆ. ಕಣ್ಣು, ಒಂದು ಕೈ ಹೋಗಿವೆ. ಮದುವೆಗೆ ಜೇನ್ ಈಗ ಒಪ್ಪುವುದು ಬೇಡವೆನ್ನುವ ಶಕ್ತಿ ಬಂದ ಮೇಲೆ ಕೊಟ್ಟ ಒಪ್ಪಿಗೆ. ಅದಕ್ಕೇ ಅದಕ್ಕೆ ತೂಕ. ಆದರೂ ದಾರಿ ತೆರವಾಗಲು ಮಾಳಿಗೆಯ ಹೆಂಡತಿ ಸಾಯಬೇಕಾಯಿತು. ದಂಡದ ಒಂದು ಪಾಲನ್ನು ಕಟ್ಟಿದವಳು ಅವಳು.

ಮುಂದಿನವರು ಬ್ರಾಂಟೆಯ ಸಿಡುಕು ನಾಯಕನನ್ನು ಇಟ್ಟುಕೊಂಡು ಅವಳ ಲೆಕ್ಕವನ್ನು ಕೈಬಿಟ್ಟರು. ಇ. ಎಂ. ಹಲ್ ಬರೆದ ‘ದ ಶೇಖ್’ನಲ್ಲಿ (1919) ಮರುಭೂಮಿಯ ದೊರೆ ಡಯಾನಾಳನ್ನು ಹೊತ್ತೊಯ್ದು ಅತ್ಯಾಚಾರ ಮಾಡುತ್ತಾನೆ. ಕೊನೆಯಲ್ಲಿ ಅವನು ಇಂಗ್ಲಿಷ್ ಸರದಾರನೊಬ್ಬನ ಮಗನೆಂದು ತಿಳಿಯುತ್ತದೆ, ಆ ರಕ್ತವೇ ಅವನಿಗೆ ಮಾಫಿಪತ್ರವಾಗುತ್ತದೆ. ನಮ್ಮ ಬೆಂಗಳೂರಿನ ಸರ್ಕ್ಯುಲೇಟಿಂಗ್ ಲೈಬ್ರರಿಗಳಲ್ಲಿ ಕೈಯಿಂದ ಕೈಗೆ ಓಡಾಡಿದ ಮಿಲ್ಸ್ ಆ್ಯಂಡ್ ಬೂನ್ ಕಾದಂಬರಿಗಳು ಬಹುಕಾಲ ನಾಯಕಿಯ ಕಣ್ಣಿನಿಂದಷ್ಟೇ ಕಥೆ ಹೇಳಿದವು. ನಾಯಕನ ಮನಸ್ಸು ಮುಚ್ಚಿದ ಬಾಗಿಲು. ಅವನ ಬಿರುನುಡಿಯ ಹಿಂದೆ ಪ್ರೀತಿಯಿದೆ ಎಂಬುದು ನಾಯಕಿಗೆ ಗೊತ್ತಿಲ್ಲ, ಓದುಗಿತ್ತಿಗೆ ಗೊತ್ತು. ವಿಮರ್ಶಕಿ ಟಾನಿಯಾ ಮಾಡ್ಲೆಸ್ಕಿ 1982ರಲ್ಲಿ ಓದುಗಿತ್ತಿಯ ಈ ಮೇಲುಗೈಯನ್ನೂ ಅದರಡಿ ಅಡಗಿದ ಸೇಡಿನ ಸುಖವನ್ನೂ ಗುರುತಿಸಿದಳು. ಅಮೆರಿಕದ ಒಂದು ಊರಿನ ಓದುಗಿತ್ತಿಯರನ್ನು ಮಾತನಾಡಿಸಿ 1984ರಲ್ಲಿ ಪುಸ್ತಕ ಬರೆದ ಜಾನಿಸ್ ರಾಡ್ವೇಗೆ ಕಂಡದ್ದು ಇನ್ನೂ ಕುತೂಹಲದ್ದು: ಬರೀ ಕ್ರೂರಿಯಾದ ನಾಯಕ ಅವರಿಗೂ ಬೇಡವಾಗಿದ್ದ. ಗಂಡಸಿನ ಉದಾಸೀನವನ್ನೆಲ್ಲ ಅಡಗಿದ ಪ್ರೀತಿಯೆಂದು ಓದುವ ಅಭ್ಯಾಸವನ್ನು ಈ ಕಥೆಗಳು ಬೆಳೆಸುತ್ತವೆ ಎಂಬ ಅವಳ ಎಚ್ಚರಿಕೆ ಇಂದಿಗೂ ಸಡಿಲವಾಗಿಲ್ಲ.

ಇದೇ ಕಥೆ ಏಷ್ಯಾದಲ್ಲಿ ಶಾಲೆಯ ಅಂಗಳಕ್ಕೆ ಬಂತು. ಯೋಕೊ ಕಾಮಿಯೊ 1992ರಲ್ಲಿ ಆರಂಭಿಸಿದ ಜಪಾನಿನ ಮಾಂಗಾ (ಚಿತ್ರಕಥೆ) ‘ಹಾನಾ ಯೋರಿ ದಾಂಗೊ’ ತೈವಾನಿನಲ್ಲಿ ‘ಮೀಟಿಯರ್ ಗಾರ್ಡನ್’ (2001), ಕೊರಿಯಾದಲ್ಲಿ ‘ಬಾಯ್ಸ್ ಓವರ್ ಫ್ಲವರ್ಸ್’ (2009) ಎಂಬ ಧಾರಾವಾಹಿಗಳಾಯಿತು. ಸಿರಿವಂತರ ಶಾಲೆಯಲ್ಲಿ ನಾಲ್ವರು ಹುಡುಗರದೇ ರಾಜ್ಯ. ಅವರು ಕೆಂಪು ಚೀಟಿ ಅಂಟಿಸಿದವರ ಮೇಲೆ ಇಡೀ ಶಾಲೆ ಎರಗುತ್ತದೆ. ಬಡ ಹುಡುಗಿ ತ್ಸುಕುಶಿ ಅಳುತ್ತ ಕೂರದೆ ಮುಖಂಡ ದೋಮ್ಯೋಜಿಗೆ ತಿರುಗಿ ಬಾರಿಸುತ್ತಾಳೆ. ಪಮೆಲಾಳಿಗೆ ಇಲ್ಲದಿದ್ದ ಮುಷ್ಟಿ ಇವಳಿಗಿದೆ, ಈ ಕಥೆಯ ಗೆಲುವು ಅದೇ. ಆದರೆ ಕಾಮಿಯೊ ಒಂದು ಚತುರ ಕೈಚಳಕ ತೋರಿಸುತ್ತಾಳೆ. ಹುಡುಗನಿಗಿಂತ ದೊಡ್ಡ ಪೀಡಕಿಯಾಗಿ ಅವನ ತಾಯಿ ಬಂದು ನಿಲ್ಲುತ್ತಾಳೆ. ಪೀಡಿಸಿದವನೇ ಪೀಡಿತನಾಗಿ ನಾಯಕಿಯ ಪಕ್ಕ ಸರಿದುಕೊಳ್ಳುತ್ತಾನೆ, ಹಳೆಯ ಸಾಲ ತಾನಾಗಿ ಮನ್ನಾ ಆಗುತ್ತದೆ. ಕೊರಿಯಾದ ಧಾರಾವಾಹಿ ಶುರುವಾಗುವುದೇ ಕೆಂಪು ಚೀಟಿಯಿಂದ ಬೇಸತ್ತು ಶಾಲೆಯ ತಾರಸಿಯಿಂದ ಹಾರಲು ನಿಂತ ಹುಡುಗನೊಬ್ಬನಿಂದ. ಅಂಥವರಿಗೆ ನಾಯಕ ಏನು ಕೊಡಬೇಕು ಎಂಬುದು ಪ್ರೇಮದ ಸಂಭ್ರಮದಲ್ಲಿ ಹಿಂದೆ ಬೀಳುತ್ತದೆ. ಒಬ್ಬಳ ಎದುರು ಮಾತ್ರ ಮುರಿದ ಗರ್ವ ಅರ್ಧ ಮುರಿದದ್ದು.

ಇಲ್ಲಿ ನಮ್ಮ ಸಿನಿಮಾವನ್ನು ಪಕ್ಕದಲ್ಲಿಟ್ಟು ನೋಡಬೇಕು. ಷೇಕ್ಸ್‌ಪಿಯರನ ಬಜಾರಿಯನ್ನು ಪಳಗಿಸುವ ನಾಟಕದ ವಂಶದ್ದೇ ಆದ ‘ನಂಜುಂಡಿ ಕಲ್ಯಾಣ’ದಲ್ಲಿ (1989) ಸೊಕ್ಕು ಮುರಿಯುವುದು ಹೆಣ್ಣಿನದು, ಮುರಿಯುವವನು ಗಂಡ, ಚಿತ್ರಮಂದಿರ ನಕ್ಕು ಸಿಳ್ಳೆ ಹೊಡೆಯಿತು. ಗಂಡಿನ ಸೊಕ್ಕು ಮುರಿಯುವ ಕಥೆಯನ್ನು ಮಾತ್ರ ಹೆಂಗಸರು ತಮ್ಮ ಪಾಡಿಗೆ ಓದಿಕೊಂಡರು, ಅದಕ್ಕೂ ಬೈಸಿಕೊಂಡರು. ಈ ಪರಂಪರೆಯ ಪರವಾಗಿ ಹೇಳಬಹುದಾದ ಅತ್ಯಂತ ಗಟ್ಟಿ ಮಾತು ಇದು.

ಆದರೆ ಇತ್ತೀಚಿನ ಕವಲು ಈ ಮಾತನ್ನೂ ಉಳಿಸಿಕೊಳ್ಳುವಂತೆ ಕಾಣುವುದಿಲ್ಲ. ಪೆನೆಲೊಪಿ ಡಗ್ಲಸ್‌ಳ ‘ಬುಲ್ಲಿ’ (2013) ಕಾದಂಬರಿಯ ಜೇರೆಡ್, ಬಾಲ್ಯದ ಗೆಳತಿ ಟೇಟ್‌ಳ ಶಾಲಾದಿನಗಳನ್ನು ನರಕ ಮಾಡುತ್ತಾನೆ. ಯಾಕೆಂದರೆ ತಂದೆ ಅವನನ್ನು ಹಿಂಸಿಸಿದ್ದ. ಗಾಯ ನಿಜ, ನೋವೂ ನಿಜ. ಆದರೆ ಕಾರಣ ಹೇಳಿದ ಮಾತ್ರಕ್ಕೆ ಪ್ರಾಯಶ್ಚಿತ್ತವಾಗುವುದಿಲ್ಲ. ಗಾಯವನ್ನು ತೋರಿಸಿದೊಡನೆ ನಾಯಕಿ ಶುಶ್ರೂಷೆಗೆ ನಿಲ್ಲಬೇಕೆಂದು ಕಥೆ ನಿರೀಕ್ಷಿಸಿದರೆ, ಕಾಡಿಸಿಕೊಂಡದ್ದೂ ಅವಳೇ, ವಾಸಿಮಾಡುವ ಕೂಲಿಯೂ ಅವಳದೇ. ಓದುಗಿತ್ತಿ ಕಾಯುತ್ತಿದ್ದ ಗರ್ವಭಂಗದ ಜಾಗದಲ್ಲಿ ಅನುಕಂಪದ ಅರ್ಜಿ ಬಂದು ಕೂತಿರುತ್ತದೆ.

ಕ್ರೂರ ನಾಯಕನನ್ನು ಕಾದಂಬರಿಯಿಂದ ಗಡಿಪಾರು ಮಾಡಿ ಎನ್ನುವುದು ನನ್ನ ವಾದವಲ್ಲ. ಅವನಿಲ್ಲದೆ ರಾಚೆಸ್ಟರ್ ಇಲ್ಲ, ತ್ಸುಕುಶಿಯ ಮುಷ್ಟಿಗೆ ಕೆಲಸವಿಲ್ಲ. ಅವನನ್ನು ಬರೆಯುವವರು ಮಾಡಿದ ಸಾಲವನ್ನು ಪೂರ್ತಿ ತೀರಿಸಲಿ: ಅವನು ಏನನ್ನಾದರೂ ಕಳೆದುಕೊಳ್ಳಲಿ, ಕಾಡಿಸಿದ ಇತರರ ಬಳಿಗೂ ಹೋಗಲಿ, ಅವಳಿಗೆ ಬೇಡವೆಂದು ಹೊರಟುಹೋಗುವ ದಾರಿಯೊಂದು ಇರಲಿ. ಪಮೆಲಾಳ ಕಾಲದಲ್ಲಿ ಯಜಮಾನನ ಕರುಣೆಯೇ ಬಹುಮಾನವೆನ್ನಿಸಿತ್ತು. ಶಾರ್ಲಟ್ ಬ್ರಾಂಟೆ ಅದನ್ನು ನೂರೇಳು ವರ್ಷಗಳಲ್ಲಿ ತಿದ್ದಿದಳು. ಅವಳ ನಂತರ ಬರೆದವರಲ್ಲಿ ಬಹುಪಾಲು ಜನ ಅವಳಿಗಿಂತ ಹಿಂದೆಯೇ ಉಳಿದಿದ್ದಾರೆ.