ಕಲ್ಪಿತ ಮಾಪಕಗಳು: ಪುಲ್‌ಮನ್ ಅವರ ಕಾದಂಬರಿತ್ರಯದ ಎರಡು ಉಪಕರಣಗಳು

ಅಲೌಕಿಕ ಶಕ್ತಿಯನ್ನು ಅಳೆಯುವ ಯಂತ್ರವೊಂದು ಕಥೆಯಲ್ಲಿ ಕಾಣಿಸಿಕೊಂಡೊಡನೆ ಅದನ್ನು ‘ವೈಜ್ಞಾನಿಕ’ವೆಂದು ಕರೆದುಬಿಡುವುದುಂಟು. ಮುಳ್ಳು, ಮುಖಫಲಕ, ಮಸೂರಗಳಿದ್ದ ಮಾತ್ರಕ್ಕೆ ಒಂದು ವಸ್ತು ಮಾಪಕವಾಗುವುದೇ? ಫಿಲಿಪ್ ಪುಲ್‌ಮನ್ ಅವರ ‘ನಾರ್ದರ್ನ್ ಲೈಟ್ಸ್’ (1995), ‘ದಿ ಸಟ್ಲ್ ನೈಫ್’ (1997), ‘ದಿ ಆಂಬರ್ ಸ್ಪೈಗ್ಲಾಸ್’ (2000) ಎಂಬ ಕಾದಂಬರಿತ್ರಯವನ್ನು ಆಧಾರವಾಗಿಟ್ಟುಕೊಂಡು ಈ ಪ್ರಶ್ನೆಯನ್ನು ಪರಿಶೀಲಿಸುವುದು ನಮ್ಮ ಉದ್ದೇಶ.

ಪರಿಶೀಲನೆಗೆ ಒಂದು ಒರೆಗಲ್ಲು ಬೇಕು. ಅದನ್ನು ನಾವು ವಿಜ್ಞಾನದ ಚರಿತ್ರೆಯಿಂದಲೇ ಆಯ್ದುಕೊಳ್ಳುತ್ತೇವೆ. 1903ರಲ್ಲಿ ಫ್ರಾನ್ಸಿನ ನಾನ್ಸಿ ನಗರದ ಭೌತವಿಜ್ಞಾನಿ ರೆನೆ ಬ್ಲಾಂಡ್ಲೋ ‘ಎನ್-ಕಿರಣ’ಗಳೆಂಬ ಹೊಸ ಕಿರಣಗಳನ್ನು ಕಂಡುದಾಗಿ ಪ್ರಕಟಿಸಿದರು. 1904ರಲ್ಲಿ ಅವರ ಪ್ರಯೋಗಶಾಲೆಗೆ ಹೋದ ಅಮೆರಿಕದ ರಾಬರ್ಟ್ ವುಡ್ ಕತ್ತಲೆಯಲ್ಲಿ ಸದ್ದಿಲ್ಲದೆ ಉಪಕರಣದ ಅಲ್ಯೂಮಿನಿಯಂ ಪಟ್ಟಕವನ್ನು ತೆಗೆದರು. ಅಳತೆಗಳು ಮಾತ್ರ ಮೊದಲಿನಂತೆಯೇ ಬರುತ್ತಿದ್ದವು. ಕಿರಣಗಳಿದ್ದುದು ನೋಡುವವರ ನಿರೀಕ್ಷೆಯಲ್ಲಿ. ನೋಡುವವನ ನಿರೀಕ್ಷೆಗೆ ಅಧೀನವಾಗದಿರುವುದೇ ಮಾಪನದ ಲಕ್ಷಣವೆಂದು ಇದರಿಂದ ಸಿದ್ಧವಾಗುತ್ತದೆ.

ಕಾದಂಬರಿತ್ರಯದ ಕೇಂದ್ರದಲ್ಲಿರುವುದು ‘ಧೂಳಿ’ ಎಂಬ, ಪ್ರಜ್ಞೆಯೊಡನೆ ಬೆಸೆದುಕೊಂಡ ಸೂಕ್ಷ್ಮದ್ರವ್ಯ. ಅದರಿಂದ ಚಲಿಸುವ ಮೊದಲನೆಯ ಉಪಕರಣ ಅಲೀಥಿಯೋಮೀಟರ್. ಅದರ ಅಂಚಿನಲ್ಲಿ 36 ಚಿತ್ರಗಳಿವೆ. ಪ್ರಶ್ನಿಸುವವರು ಮೂರು ಮುಳ್ಳುಗಳನ್ನು ತಾವೇ ತಿರುಗಿಸಿಡುತ್ತಾರೆ. ನಾಲ್ಕನೆಯದು ತಾನಾಗಿ ಚಲಿಸಿ ಉತ್ತರವನ್ನು ಸೂಚಿಸುತ್ತದೆ. ಒಂದೊಂದು ಚಿತ್ರಕ್ಕೂ ಪದರಪದರವಾಗಿ ಅರ್ಥಗಳಿವೆ. ವಿದ್ವಾಂಸರು ಗ್ರಂಥಗಳನ್ನು ತಿರುವಿಹಾಕಿ ಬಹುಕಾಲದ ಮೇಲೆ ತಿಳಿಯುವುದನ್ನು ಬಾಲಕಿ ಲೈರಾ ನೋಡಿದಾಕ್ಷಣ ತಿಳಿಯುತ್ತಾಳೆ. ನಮ್ಮ ಒರೆಗಲ್ಲಿಗೆ ಇದು ನಿಲ್ಲದು. ಓದುವವರ ಮನಃಸ್ಥಿತಿಯೇ ಇಲ್ಲಿ ಉಪಕರಣದ ಅರ್ಧಭಾಗ. ನಮ್ಮ ಕಾವ್ಯಮೀಮಾಂಸೆಯ ಪರಿಭಾಷೆಯಲ್ಲಿ ಹೇಳುವುದಾದರೆ, ಇದು ಸಹೃದಯನನ್ನು ಬೇಡುವ ಧ್ವನಿಕಾವ್ಯವೇ ಹೊರತು ಮಾಪಕವಲ್ಲ.

ಎರಡನೆಯದಾದ ಆಂಬರ್ ದೂರದರ್ಶಕದ ರೀತಿಯೇ ಬೇರೆ. ಮೇರಿ ಮ್ಯಾಲೋನ್ ಭೌತವಿಜ್ಞಾನಿ. ಮುಲೆಫಾ ಎಂಬ ಜೀವಿಗಳು ಬರಿಗಣ್ಣಿನಿಂದಲೇ ಕಾಣುವ ಧೂಳಿ ಆಕೆಗೆ ಕಾಣದು. ಅವಳು ಮರದ ಅಂಟಿನಿಂದ ಮೆರುಗುಪದರಗಳನ್ನು ಮಾಡಿ, ಎರಡು ಫಲಕಗಳನ್ನು ಅಂತರವಿಟ್ಟು ಜೋಡಿಸಿ, ಬೀಜದ ಎಣ್ಣೆ ತಗಲಿದ ಮೇಲೆ ಅದನ್ನು ಕಾಣುತ್ತಾಳೆ. ಹೊಂಬಣ್ಣದ ಆ ಪ್ರವಾಹ ಕೆಳಗಿಳಿಯದೆ ಸಮುದ್ರದ ಕಡೆಗೆ ಹರಿದುಹೋಗುತ್ತಿರುವುದನ್ನು ಮರವೇರಿ ಗಮನಿಸುತ್ತಾಳೆ. 300 ವರ್ಷಗಳಿಂದ ಮರಗಳು ಸೊರಗುತ್ತಿರುವುದಕ್ಕೆ ಕಾರಣವೂ ಆಗ ಹೊಳೆಯುತ್ತದೆ. ವಸ್ತು ಕಲ್ಪಿತವಾದರೂ ವಿಧಾನ ನಿಜವಾದುದು. ಎಣ್ಣೆಯಿಲ್ಲದಿದ್ದರೆ ನೋಟವಿಲ್ಲ, ಪಟ್ಟಕವನ್ನು ತೆಗೆದರೆ ಈ ಉಪಕರಣ ಸುಮ್ಮನಾಗುತ್ತದೆ.

ಕೃತಿಯ ದೋಷವೊಂದನ್ನೂ ಹೇಳಬೇಕು. ಕಥೆಯ ಗಂಟು ಬಿಗಿಯಾದಾಗ ಅಲೀಥಿಯೋಮೀಟರ್ ತನ್ನ ಧ್ವನಿಗುಣವನ್ನು ಮರೆತು ವರದಿಗಾರನಂತೆ ನುಡಿಯುವುದುಂಟು. ದೂರದ ಬಾಲ್ವಾಂಗರ್ ಠಾಣ್ಯದ ಕಾವಲುಪಡೆಯ ಸಂಖ್ಯೆಯನ್ನೂ ಅದು ತಿಳಿಸಿಬಿಡುತ್ತದೆ. ಕಾವ್ಯವಾಗಿ ಓದಬೇಕಾದುದನ್ನು ಇಂತಹ ಕಡೆಗಳಲ್ಲಿ ಲೇಖಕರೇ ಮಾಪಕವಾಗಿ ಬಳಸಿದಂತಾಗಿ ಔಚಿತ್ಯಕ್ಕೆ ಭಂಗ ಬರುತ್ತದೆ.

ಆದರೆ ಈ ದೋಷಕ್ಕೆ ಕೃತಿಯೇ ಪರಿಹಾರವನ್ನೂ ಒದಗಿಸಿದೆ. ಕೊನೆಯಲ್ಲಿ ಲೈರಾಳ ಸಹಜಶಕ್ತಿ ಅಳಿದುಹೋಗುತ್ತದೆ. ಕೃಪೆಯಿಂದ ಬಂದುದನ್ನು ಇನ್ನು ದೀರ್ಘವ್ಯಾಸಂಗದಿಂದ ಗಳಿಸಬೇಕೆಂದು ಆಕೆ ಅರಿಯುತ್ತಾಳೆ. ಒಂದು ಕಣ್ಣಿಗೆ ದಕ್ಕುವ ಜ್ಞಾನ, ಇನ್ನೊಂದು ಪಾಕಗೊಂಡ ಮನಸ್ಸಿಗೆ ದಕ್ಕುವ ಜ್ಞಾನ. ಎರಡಕ್ಕೂ ಶ್ರಮವೇ ಬೆಲೆಯೆಂಬ ಈ ನಿರ್ಣಯದಲ್ಲಿ ಕೃತಿಯ ಗೌರವವಿದೆಯೆಂದು ನಾವು ಭಾವಿಸುತ್ತೇವೆ.

ವಿಮರ್ಶಕರಾದ ನಮಗೂ ಈ ಮಾತು ಸಲ್ಲುತ್ತದೆ. ಕೃತಿಯಲ್ಲಿ ನಾವು ಕಂಡೆವೆನ್ನುವ ಅರ್ಥ, ಕೃತಿಯ ಪಂಕ್ತಿಗಳನ್ನು ತೆಗೆದಿಟ್ಟರೂ ಹಾಗೆಯೇ ಉಳಿಯುವುದಾದರೆ, ಅದು ಕೃತಿಯದಲ್ಲ, ನಮ್ಮ ನಿರೀಕ್ಷೆಯದು.