ಸುಲೋಚನೆಗೆ ಮಾತು ಕೊಟ್ಟವರು

ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ಎಂದೊಡನೆ ನೆನಪಾಗುವವರು ಸುಬ್ಬಯ್ಯ ನಾಯಿಡು, ನಾಗೇಂದ್ರರಾಯರು, ತ್ರಿಪುರಾಂಬ. ಹೆಚ್ಚೆಂದರೆ ನಿರ್ದೇಶಕ ವೈ. ವಿ. ರಾವ್. ಆ ಪಾತ್ರಗಳ ಬಾಯಿಗೆ ಮಾತನ್ನೂ ಹಾಡನ್ನೂ ಕೊಟ್ಟ ಬೆಳ್ಳಾವೆ ನರಹರಿ ಶಾಸ್ತ್ರಿಗಳ ಹೆಸರು ಪಟ್ಟಿಯ ತುದಿಗೆ ಬರುತ್ತದೆ. ಬಂದಾಗಲೂ ‘ಕಂಪೆನಿ ನಾಟಕದವರು’ ಎಂಬ ಬಿರುದಿನೊಡನೆ. ನಾಟಕವನ್ನೇ ತೆರೆಗೆ ಎತ್ತಿಹಾಕಿದರು, ಚಿತ್ರಕ್ಕೆಂದು ಏನನ್ನೂ ಬರೆಯಲಿಲ್ಲವೆಂಬ ತೀರ್ಪು ಆ ಬಿರುದಿನಲ್ಲಿ ಅಡಗಿದೆ. ಈ ತೀರ್ಪು ನ್ಯಾಯವೆಂದು ನನಗೆ ತೋರುವುದಿಲ್ಲ.

ಶಾಸ್ತ್ರಿಗಳು ಗುಬ್ಬಿ ಕಂಪೆನಿಗೆ ‘ಕೃಷ್ಣಲೀಲಾ’ದಂಥ ನಾಟಕಗಳನ್ನು ಬರೆದು ಹೆಸರಾದವರು, ನಿಜ. ಆದರೆ ಚಿತ್ರಕ್ಕೆ ಬರೆಯಲು ಅವರ ಮುಂದೆ ಕನ್ನಡದ ಮಾದರಿ ಯಾವುದಿತ್ತು? ಮೂಕಿಚಿತ್ರಗಳೇನೋ ಇದ್ದುವು. ಮೋಹನ ಭವನಾನಿಯವರ ‘ವಸಂತಸೇನಾ’ದಲ್ಲಿ ಕೈಲಾಸಂ ಅಭಿನಯಿಸಿದ್ದರು, ವೀರಣ್ಣನವರ ‘ಹರಿಮಾಯಾ’ 1932ರಲ್ಲಿ ಬಂತು. ಅಲ್ಲಿ ಲೇಖಕನ ಪಾಲಿಗೆ ಕಥೆಯ ಹೊಂದಿಕೆ ಮತ್ತು ನಡುನಡುವೆ ತೆರೆಯ ಮೇಲೆ ಮೂಡುವ ನಾಲ್ಕಾರು ಸಾಲು, ಇಷ್ಟೇ. (ಮಾತಿನ ಮಲ್ಲ ಕೈಲಾಸಂ ಮಾತಿಲ್ಲದ ಚಿತ್ರಕ್ಕೆ ಸಿಕ್ಕಿದ್ದು ವಿಧಿಯ ವಿನೋದವೇ ಸರಿ!)

ಚಿತ್ರ ತಯಾರಾದದ್ದು ಕೊಲ್ಹಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ಬಿಡುಗಡೆಯಾದದ್ದು 1934ರ ಮಾರ್ಚ್ 3ರಂದು, ಸಿಟಿ ಮಾರ್ಕೆಟ್ ಬಳಿ ಇದ್ದ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ. ಶಂಕರಪುರದವರು ನಡೆದೇ ಹೋಗಿಬರಬಹುದಾದ ದೂರ. ಹಿನ್ನೆಲೆ ಗಾಯನವೆಂಬುದು ಇನ್ನೂ ಬಳಕೆಗೆ ಬಂದಿರಲಿಲ್ಲ. ನಟನು ಕ್ಯಾಮೆರಾದ ಮುಂದೆ ನಿಂತು, ಮೈಕಿಗೆ ಎಟುಕುವಷ್ಟು ದೂರದಲ್ಲೇ, ಅಲ್ಲಿಯೇ ಹಾಡಬೇಕು. ವಾದ್ಯದವರು ಚೌಕಟ್ಟಿನ ಆಚೆ ಕುಳಿತು ಅಲ್ಲಿಯೇ ನುಡಿಸಬೇಕು. ಹೀಗಿರಲು ಪಾತ್ರಗಳು ರಂಗದ ಮೇಲಿನಂತೆ ನಿಂತು ಹಾಡಿದರೆ ಅದು ಬರೆದವರ ದೋಷವೆ? ಉಸಿರು ಕಟ್ಟದೆ ಹಾಡಬಲ್ಲ ನಟರು ದೊರೆಯುತ್ತಿದ್ದುದು ಕಂಪೆನಿಗಳಲ್ಲಿ. ಅವರ ಗಂಟಲಿನ ಅಳತೆ ಬಲ್ಲವರು ಕಂಪೆನಿಯ ಕವಿಗಳು.

ಇನ್ನು ಕಥೆ. ವಾಲ್ಮೀಕಿಯಲ್ಲಿ ಸುಲೋಚನೆ ಇಲ್ಲ. ನಮ್ಮ ಜನ ಬಲ್ಲ ಕಥೆಯಲ್ಲಿ ಆಕೆ ಆದಿಶೇಷನ ಮಗಳು, ಇಂದ್ರಜಿತುವಿನ ಮಡದಿ. ಆದಿಶೇಷನ ಅವತಾರವಾದ ಲಕ್ಷ್ಮಣನೇ ಅಳಿಯನನ್ನು ಕೊಲ್ಲುತ್ತಾನೆ. ಕಡಿದ ತೋಳು ಸುಲೋಚನೆಯ ಎದುರು ಬಂದು ಬಿದ್ದು, ತನ್ನ ಸಾವಿನ ಸುದ್ದಿಯನ್ನು ತಾನೇ ಬರೆದು ತಿಳಿಸುತ್ತದೆ. ರಂಗದ ಮೇಲೆ ಇದನ್ನು ತೋರಿಸಹೋದರೆ ನಗೆಪಾಟಲು. ತೆರೆಗೆ ಇದಕ್ಕಿಂತ ಒಪ್ಪುವ ಸನ್ನಿವೇಶ ದುರ್ಲಭ. ಒಂದು ಕೈ, ನಾಲ್ಕು ಅಕ್ಷರ, ಓದುತ್ತಿರುವ ಹೆಂಡತಿಯ ಮುಖ: ಮೂಕಿಯ ಭಾಷೆಯೂ ಇದೇ ಅಲ್ಲವೆ! ಗೆದ್ದವರ ಕಡೆಯಿಂದಲ್ಲ, ಲಂಕೆಯ ಅಂತಃಪುರದಿಂದ ಯುದ್ಧವನ್ನು ನೋಡುವ ಈ ವಸ್ತುವಿನಿಂದ ಕನ್ನಡ ವಾಕ್ಚಿತ್ರ ಆರಂಭವಾಯಿತೆಂಬುದನ್ನು ನಮ್ಮ ವಿಮರ್ಶಕರು ಅಷ್ಟಾಗಿ ಗಮನಿಸಿಲ್ಲ.

ದೋಷಗಳಿಲ್ಲವೆಂದಲ್ಲ. ಒಂದು ಮಾತು ಸಾಲುವೆಡೆ ಮೂರು ಸಮಾಸ ಹಾಕುವ ಚಾಳಿ ಕಂಪೆನಿ ನಾಟಕಕಾರರಲ್ಲಿ ಸಾಮಾನ್ಯ. ಶಾಸ್ತ್ರಿಗಳು ಅದಕ್ಕೆ ಹೊರತೆಂದು ವಾದಿಸಲಾರೆ. ಆದರೆ ಚಿತ್ರದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಕಾಣದ ಚಿತ್ರವನ್ನು ‘ಬರಿಯ ನಾಟಕ’ವೆಂದು ತಳ್ಳಿಹಾಕುವವರು ಶಾಸ್ತ್ರಿಗಳ ನಾಟಕಗಳನ್ನಾದರೂ ಓದಿರಬೇಕೆಂದು ಕೇಳುವುದು ಹೆಚ್ಚಲ್ಲ.